ಸೀತಾಳೆ ದಂಡೆ: ಹೆಸರಿನಿಂದ ಮರ ಮಾಯವಾದ ಕಥೆ

ಮುಂಗಾರು ಹಿಡಿಯೋ ಹೊತ್ತಿಗೆ ಮಲೆನಾಡಿನ ಮರಗಳಲ್ಲಿ ಜಡೆಯ ಹಾಗೆ ಇಳಿಬಿದ್ದ ಹೂಗೊಂಚಲನ್ನ ನೀವು ನೋಡಿರಬಹುದು. ಬಿಳಿ ಎಸಳು, ಅದರ ಮೇಲೆ ನಸುನೇರಳೆ ಚುಕ್ಕಿ. ಒಂದೇ ಗೊಂಚಲಲ್ಲಿ ನೂರಕ್ಕೂ ಹೆಚ್ಚು ಹೂ ಇರೋದುಂಟು. ಅದೇ ಸೀತಾಳೆ ದಂಡೆ. ವನವಾಸದಲ್ಲಿ ಸೀತೆ ಮುಡಿದ ಹೂವು ಅಂತಾರೆ ನಮ್ಮ ಜನ. ಅಸ್ಸಾಮಿನಲ್ಲಿ ಬಿಹು ಕುಣಿಯೋ ಹುಡುಗಿಯರು ಮುಡಿಯೋದೂ ಇದನ್ನೇ. ಅದು ಅಲ್ಲಿನ ರಾಜ್ಯಪುಷ್ಪ.

ಹೈಸ್ಕೂಲಲ್ಲಿದ್ದಾಗ ನಾನು ಅಜ್ಜನ ಮನೆ ಹಿಂದಿನ ಮರದಿಂದ ಈ ಗಿಡವನ್ನ ಕಿತ್ತು ತಂದು, ಬೆಂಗಳೂರಿನಲ್ಲಿ ಕುಂಡಕ್ಕೆ ಕೆಂಪು ಮಣ್ಣು ತುಂಬಿ ನೆಟ್ಟಿದ್ದೆ. ದಿನಾ ನೀರು ಹಾಕಿದೆ. ತಿಂಗಳೊಳಗೆ ಬೇರು ಕೊಳೆತುಹೋಯ್ತು. ನಾನು ತಪ್ಪಿದ್ದೆಲ್ಲಿ ಅನ್ನೋದು ಎಷ್ಟೋ ವರ್ಷಗಳ ಮೇಲೆ, ಈ ಹೂವಿನ ಹೆಸರಿನ ಇತಿಹಾಸ ಓದುವಾಗ ಹೊಳೀತು.

17ನೇ ಶತಮಾನದಲ್ಲಿ ಕೊಚ್ಚಿಯ ಡಚ್ ಅಧಿಕಾರಿ ವಾನ್ ರೀಡ್, ಮಲಬಾರಿನ ಗಿಡಮರಗಳ ಬಗ್ಗೆ ಒಂದು ದೊಡ್ಡ ಗ್ರಂಥ ಮಾಡಿಸಿದ. ಹೆಸರು 'ಹೋರ್ಟಸ್ ಮಲಬಾರಿಕಸ್'. ಇಟ್ಟಿ ಅಚ್ಯುತನ್ ಅವರಂಥ ಸ್ಥಳೀಯ ವೈದ್ಯರ ತಿಳಿವಳಿಕೆಯೇ ಅದಕ್ಕೆ ಆಧಾರ. 1678ರಿಂದ 1693ರವರೆಗೆ ಆಮ್‌ಸ್ಟರ್‌ಡ್ಯಾಮಿನಲ್ಲಿ 12 ಸಂಪುಟ ಅಚ್ಚಾದವು. ಕೊನೆಯ ಸಂಪುಟದಲ್ಲಿ ನಮ್ಮ ಹೂವಿನ ಚಿತ್ರವಿದೆ. ಅಲ್ಲಿ ಅದಕ್ಕೆ ಕೊಟ್ಟಿರೋ ಮಲಯಾಳಂ ಹೆಸರು 'ಆಂಜಿಲಿ ಮರವಾಳ'. ಆಂಜಿಲಿ ಅಂದ್ರೆ ನಮ್ಮ ಹೆಬ್ಬಲಸು. ಮರವಾಳ ಅಂದ್ರೆ ಮರಬಾಳೆ. ಹೂವಿನ ಹೆಸರಿನಲ್ಲೇ ಅದರ ಮರವೂ ಇತ್ತು, ನೋಡಿ!

1753ರಲ್ಲಿ ಸ್ವೀಡನ್ನಿನ ಲಿನೇಯಸ್ ಈ ಗಿಡಕ್ಕೆ 'ಎಪಿಡೆಂಡ್ರಮ್ ರೆಟುಸಮ್' ಅಂತ ಹೆಸರಿಟ್ಟ. ಮರದ ಮೇಲಿರೋದು, ಮೊಂಡುತುದಿಯದ್ದು ಅಂತ ಅರ್ಥ. ಹೆಬ್ಬಲಸು ಹೋಗಿ ಬರೀ 'ಮರ' ಉಳೀತು. 1825ರಲ್ಲಿ ಬ್ಲೂಮ್ ಎಂಬ ಸಸ್ಯವಿಜ್ಞಾನಿ ಅದನ್ನ 'ರಿಂಕೋಸ್ಟೈಲಿಸ್ ರೆಟುಸಾ' ಮಾಡಿದ. ಹೂವಿನೊಳಗಿನ ಕೊಕ್ಕಿನಂಥ ಭಾಗ ನೋಡಿ ಇಟ್ಟ ಹೆಸರು. ವಿಜ್ಞಾನಕ್ಕೆ ಅದು ಬೇಕಾಗಿತ್ತು ನಿಜ. ಆದರೆ ಹೆಸರಲ್ಲಿ ಮರವೇ ಇಲ್ಲವಾಯ್ತು.

ಗಿಡಕ್ಕೆ ಮಾತ್ರ ಮರ ಬೇಕೇ ಬೇಕು. ಇದು ಬಂದಳಿಕೆಯ ಹಾಗೆ ಮರದ ರಸ ಹೀರಲ್ಲ, ಬರೀ ಆಸರೆ ಪಡೆಯುತ್ತೆ. ಬೇರಿನ ಸುತ್ತ ಸ್ಪಂಜಿನಂಥ ಪದರ ಇದೆ. ಮಳೆ ನೀರನ್ನ ಅದು ಹೀರಿಕೊಳ್ಳುತ್ತೆ. ಆ ಬೇರಿಗೆ ಗಾಳಿಯೂ ಬೇಕು. ನಾನು ಅದನ್ನ ಒದ್ದೆ ಮಣ್ಣಲ್ಲಿ ಹೂತುಬಿಟ್ಟಿದ್ದೆ! ಇನ್ನು ಬೀಜವೋ, ಧೂಳಿನಷ್ಟು ಸಣ್ಣದು, ಒಳಗೆ ಆಹಾರದ ಗಂಟಿಲ್ಲ. ತೊಗಟೆ ಮೇಲೆ ತಕ್ಕ ಶಿಲೀಂಧ್ರದ ನೆರವು ಸಿಕ್ಕರಷ್ಟೇ ಮೊಳಕೆ. ಹೂ ಬಿಡೋಕೆ ಮತ್ತೆ ವರ್ಷಗಟ್ಟಲೆ ಕಾಯಬೇಕು. ಹಾಗಾಗಿ ಒಂದು ಹಳೇ ಮರ ಉರುಳಿದ್ರೆ, ಬದಲಿಗೆ ಒಂದು ಸಸಿ ನೆಟ್ಟ ಮಾತ್ರಕ್ಕೆ ಈ ಹೂ ವಾಪಸ್ ಬರಲ್ಲ.

ಈ ಮಳೆಗಾಲ ಊರಿಗೆ ಹೋದಾಗ ಫೋಟೋ ತೆಗೀರಿ, ಗಿಡ ಕೀಳಬೇಡಿ. ಗಾಳಿಗೆ ಮುರಿದುಬಿದ್ದ ಕೊಂಬೆಯಲ್ಲಿ ಸಿಕ್ಕರೆ, ಅಲ್ಲೇ ಪಕ್ಕದ ಮರಕ್ಕೆ ಬಾಳೆನಾರಿನಿಂದ ಕಟ್ಟಿಬಿಡಿ. ನಾನು ಹೋದ ವರ್ಷ ಅಜ್ಜನ ಮನೆಯಲ್ಲಿ ಹಾಗೇ ಒಂದನ್ನ ಕಟ್ಟಿದ್ದೀನಿ. ಹೊಸ ಬೇರು ತೊಗಟೆ ಹಿಡಿದಿದೆ. ಹೂವಿನ್ನೂ ಬಂದಿಲ್ಲ.