ಲೇಖಕಿಯರು ಕಟ್ಟಿದ ದೆವ್ವದ ಮನೆಗಳು

ಇಂಗ್ಲಿಷಿನಲ್ಲಿ ದೆವ್ವದ ಕಥೆಯನ್ನು ಒಂದು ಸಾಹಿತ್ಯ ಪ್ರಕಾರವಾಗಿ ಬೆಳೆಸಿದವರಲ್ಲಿ ಹೆಂಗಸರ ಪಾಲು ದೊಡ್ಡದು. 18ನೇ ಶತಮಾನದ ಕೊನೆಯಿಂದ 19ನೇ ಶತಮಾನದ ಕೊನೆಯವರೆಗೆ ಬ್ರಿಟನ್ನಿನ ಅನೇಕ ಲೇಖಕಿಯರು ಪಾಳುಬಿದ್ದ ಕೋಟೆ, ಬೀಗ ಜಡಿದ ಕೋಣೆ, ನಡುರಾತ್ರಿಯ ಹೆಜ್ಜೆ ಸಪ್ಪಳಗಳ ಬಗ್ಗೆ ಬರೆದರು. ಆ ಬರವಣಿಗೆಯಿಂದಲೇ ಮನೆ ನಡೆಸಿದವರೂ ಅವರಲ್ಲಿದ್ದರು. ಬೇಸರ ಕಳೆಯುವ ಓದು ಎಂದು ವಿಮರ್ಶಕರು ಈ ಪುಸ್ತಕಗಳನ್ನು ಬಹುಕಾಲ ಬದಿಗಿಟ್ಟಿದ್ದರು. ಆದರೆ ಅಂದಿನ ಕಾನೂನನ್ನು ಪಕ್ಕದಲ್ಲಿಟ್ಟುಕೊಂಡು ಓದಿದಾಗ ಇವು ಹೆಂಗಸರ ಬದುಕಿನ ದಾಖಲೆಗಳೂ ಹೌದು ಎಂಬುದು ತಿಳಿಯುತ್ತದೆ. ಪ್ರೇತ ಸುಳಿಯುವ ಮನೆಯಲ್ಲಿ ಒಂದಲ್ಲ ಒಂದು ಆಸ್ತಿಯ ತಕರಾರು, ಮುಚ್ಚಿಟ್ಟ ಮದುವೆ ಅಥವಾ ಹೊರಗೆ ಹೋಗಲು ಬಿಡದ ಬಾಗಿಲು ಇದ್ದೇ ಇರುತ್ತದೆ.

ಆ ಕಾನೂನು ಹೀಗಿತ್ತು. ಮದುವೆಯಾದ ಹೆಣ್ಣಿಗೆ ಗಂಡನಿಂದ ಪ್ರತ್ಯೇಕವಾದ ಅಸ್ತಿತ್ವವನ್ನು ಇಂಗ್ಲೆಂಡಿನ ಸಾಮಾನ್ಯ ಕಾನೂನು ಒಪ್ಪುತ್ತಿರಲಿಲ್ಲ. ಅವಳ ಚರಾಸ್ತಿಯೆಲ್ಲ ಗಂಡನ ಪಾಲಾಗುತ್ತಿತ್ತು. ಅವಳ ಹೆಸರಿಗೆ ಬಂದ ಜಮೀನಿನ ಉಸ್ತುವಾರಿ ಮತ್ತು ಆದಾಯ ಅವನದಾಗಿತ್ತು. ಅವಳು ದುಡಿದು ತಂದ ಹಣವೂ ಅವನದೇ. ಮಗಳಿಗಾಗಿ ವಕೀಲರಿಂದ ಟ್ರಸ್ಟ್ ಪತ್ರ ಬರೆಸಬಲ್ಲ ಶ್ರೀಮಂತ ತಂದೆಗೆ ಮಾತ್ರ ಇದರಿಂದ ತಪ್ಪಿಸಿಕೊಳ್ಳುವ ದಾರಿಯಿತ್ತು. 1870ರ ಕಾಯ್ದೆ ಹೆಂಡತಿಯ ಗಳಿಕೆಯನ್ನು ಅವಳಿಗೇ ಬಿಟ್ಟುಕೊಟ್ಟಿತು. 1882ರ ಕಾಯ್ದೆ ಉಳಿದ ಆಸ್ತಿಗೂ ಆ ಹಕ್ಕನ್ನು ವಿಸ್ತರಿಸಿತು. ಇಲ್ಲಿ ಹೇಳುವ ಕಥೆಗಳಲ್ಲಿ ಹೆಚ್ಚಿನವು ಅದಕ್ಕೆ ಹಿಂದಿನವು.

ಹೊರೇಸ್ ವಾಲ್‌ಪೋಲ್ 1764ರ ಕೊನೆಯಲ್ಲಿ ಪ್ರಕಟಿಸಿದ ‘ದಿ ಕ್ಯಾಸಲ್ ಆಫ್ ಒಟ್ರಾಂಟೊ’ವನ್ನು ಮೊದಲ ಗಾಥಿಕ್ ಕಾದಂಬರಿ, ಅಂದರೆ ಹಳೆಯ ಕೋಟೆ ಮತ್ತು ಪ್ರೇತಗಳ ಭಯದ ಕಾದಂಬರಿ ಎನ್ನುವುದು ವಾಡಿಕೆ. ಅದರಲ್ಲಿ ಆಕಾಶದಿಂದ ದೈತ್ಯ ಶಿರಸ್ತ್ರಾಣ ಬಿದ್ದು ಯುವರಾಜ ಸಾಯುತ್ತಾನೆ. ಈ ಅಬ್ಬರ ಕ್ಲಾರಾ ರೀವ್ ಅವರಿಗೆ ಹಿಡಿಸಲಿಲ್ಲ. ಅತಿಯಾದರೆ ಓದುಗರಿಗೆ ಭಯದ ಬದಲು ನಗು ಬರುತ್ತದೆ ಎಂಬುದು ಅವರ ಆಕ್ಷೇಪ. 1777ರಲ್ಲಿ ಬರೆದು ಮರುವರ್ಷ ‘ದಿ ಓಲ್ಡ್ ಇಂಗ್ಲಿಷ್ ಬ್ಯಾರನ್’ ಎಂದು ಹೆಸರು ಬದಲಿಸಿದ ತಮ್ಮ ಕಾದಂಬರಿಯಲ್ಲಿ ಅವರು ಪ್ರೇತವನ್ನು ಒಂದು ಮನೆಯ ಮುಚ್ಚಿದ ಭಾಗದಲ್ಲಿ ನೆಲೆಗೊಳಿಸಿ, ನಿಜವಾದ ವಾರಸುದಾರ ಯಾರೆಂದು ತೋರಿಸುವ ಕೆಲಸವನ್ನು ಅದಕ್ಕೆ ವಹಿಸಿದರು. ದೆವ್ವಕ್ಕೂ ಆಸ್ತಿಗೂ ನಂಟು ಬೆಳೆದದ್ದು ಇಲ್ಲಿಂದ.

ಆ ನಂಟನ್ನು ಹೆಣ್ಣಿನ ಕಡೆಯಿಂದ ನೋಡಿದವರು ಆ್ಯನ್ ರ‍್ಯಾಡ್‌ಕ್ಲಿಫ್. 1794ರಲ್ಲಿ ಬಂದ ‘ದಿ ಮಿಸ್ಟರೀಸ್ ಆಫ್ ಉಡಾಲ್ಫೊ’ಗೆ ಪ್ರಕಾಶಕರು 500 ಪೌಂಡ್ ಕೊಟ್ಟರು; ಅಂದಿನ ಕಾದಂಬರಿಕಾರರಿಗೆ ಅದು ಕೇಳರಿಯದ ಮೊತ್ತ. ಕಥಾನಾಯಕಿ ಎಮಿಲಿ ಅನಾಥೆ. ಅವಳ ಸೋದರತ್ತೆ ಮಾಂಟೋನಿ ಎಂಬವನನ್ನು ಮದುವೆಯಾಗಿ, ಅವನ ಜೊತೆ ಇಟಲಿಯ ಬೆಟ್ಟದ ಕೋಟೆಗೆ ಬರುತ್ತಾಳೆ. ಅತ್ತೆಯ ಹೆಸರಿನಲ್ಲಿ ಫ್ರಾನ್ಸಿನಲ್ಲಿರುವ ಜಮೀನನ್ನು ಬರೆಸಿಕೊಳ್ಳುವುದೇ ಮಾಂಟೋನಿಯ ಗುರಿ. ಅವಳು ರುಜು ಹಾಕಲು ಒಪ್ಪದಾಗ ಗೋಪುರದಲ್ಲಿ ಕೂಡಿಹಾಕುತ್ತಾನೆ. ಅವಳು ಕಾಯಿಲೆ ಬಿದ್ದು ಕೋಟೆಯಲ್ಲಿಯೇ ಸಾಯುತ್ತಾಳೆ. ಆಮೇಲೆ ಅದೇ ಕಾಗದ ಎಮಿಲಿಯ ಮುಂದೆ ಬರುತ್ತದೆ. ಕೋಟೆಯಲ್ಲಿ ಎಮಿಲಿಗೆ ಕೊಟ್ಟ ಮಲಗುವ ಕೋಣೆಯಲ್ಲಿ ಎರಡನೆಯದೊಂದು ಬಾಗಿಲಿದೆ. ಅದು ಗುಪ್ತ ಮೆಟ್ಟಿಲಿಗೆ ತೆರೆಯುತ್ತದೆ. ಅಗುಳಿ ಇರುವುದು ಹೊರಗಡೆಗೆ. ಒಳಗೆ ಮಲಗಿದವಳು ಅದನ್ನು ಭದ್ರಪಡಿಸಿಕೊಳ್ಳುವಂತಿಲ್ಲ, ಹೊರಗಿರುವವನು ಬೇಕೆಂದಾಗ ತೆಗೆಯಬಹುದು. ಕೋಟೆಯ ಕರಿಯ ಪರದೆಯೊಂದರ ಹಿಂದೆ ಎಮಿಲಿಗೆ ಕಂಡದ್ದು ಹೆಣವಲ್ಲ, ಮೇಣದ ಬೊಂಬೆ ಎಂದು ರ‍್ಯಾಡ್‌ಕ್ಲಿಫ್ ಕೊನೆಗೆ ಬಿಡಿಸಿ ಹೇಳುತ್ತಾರೆ. ಕೋಟೆಯ ಇತರ ವಿಸ್ಮಯಗಳಿಗೂ ಲೌಕಿಕ ಕಾರಣ ಕೊಡುತ್ತಾರೆ. ಆದರೆ ಆ ಅಗುಳಿಯನ್ನು ಯಾವ ವಿವರಣೆಯೂ ಕರಗಿಸುವುದಿಲ್ಲ. ದೆವ್ವ ಸುಳ್ಳಾದರೂ ಬಾಗಿಲು ನಿಜವಾಗಿ ಉಳಿಯುವ ಈ ಏರ್ಪಾಡೇ ಅವರ ದೊಡ್ಡ ಸಾಧನೆ. ‘ದಿ ಇಟಾಲಿಯನ್’ (1797) ಕಾದಂಬರಿಗೆ 800 ಪೌಂಡ್ ಪಡೆದ ಅವರು ಆಮೇಲೆ ಬದುಕಿರುವವರೆಗೂ ಮತ್ತೊಂದು ಕಾದಂಬರಿ ಪ್ರಕಟಿಸಲಿಲ್ಲ.

ರ‍್ಯಾಡ್‌ಕ್ಲಿಫ್ ಯಶಸ್ಸಿನ ಬೆನ್ನಲ್ಲೇ ಲಂಡನ್ನಿನ ಲೆಡನ್‌ಹಾಲ್ ಬೀದಿಯ ಮಿನರ್ವಾ ಪ್ರೆಸ್ ಇಂಥ ಕಾದಂಬರಿಗಳನ್ನು ರಾಶಿಗಟ್ಟಲೆ ಅಚ್ಚು ಹಾಕಿತು. ಚಂದಾ ಪಡೆದು ಪುಸ್ತಕ ಎರವಲು ಕೊಡುವ ಗ್ರಂಥಾಲಯಗಳು ಅವನ್ನು ಮನೆಮನೆಗೆ ಮುಟ್ಟಿಸಿದವು. ಬರೆದವರಲ್ಲಿಯೂ ಓದಿದವರಲ್ಲಿಯೂ ಹೆಂಗಸರು ಬಹಳ. ಈ ಹುಚ್ಚನ್ನು ಜೇನ್ ಆಸ್ಟಿನ್ ‘ನಾರ್ತ್ಯಾಂಗರ್ ಅಬ್ಬಿ’ಯಲ್ಲಿ ತಮಾಷೆ ಮಾಡಿದರು ಎಂಬುದು ಎಲ್ಲರೂ ಹೇಳುವ ಮಾತು. ಹಳೆಯ ಕಪಾಟಿನಲ್ಲಿ ಕಥಾನಾಯಕಿ ಕ್ಯಾಥರೀನ್‌ಗೆ ಸಿಕ್ಕ ರಹಸ್ಯ ಕಾಗದ ಬಟ್ಟೆ ಒಗೆಸಿದ ಲೆಕ್ಕದ ಚೀಟಿಯಾಗಿರುತ್ತದೆ. ಆದರೆ ಕಾದಂಬರಿ ಅಲ್ಲಿಗೆ ನಿಲ್ಲುವುದಿಲ್ಲ. ಹುಡುಗಿಗೆ ಹಣವಿಲ್ಲ ಎಂದು ಗೊತ್ತಾದ ಕೂಡಲೇ ಮನೆಯ ಯಜಮಾನ ಜನರಲ್ ಟಿಲ್ನಿ ಅವಳನ್ನು ಒಂಟಿಯಾಗಿ ಗಾಡಿ ಹತ್ತಿಸಿ ಕಳಿಸಿಬಿಡುತ್ತಾನೆ. ಅವಳು ಶಂಕಿಸಿದಂತೆ ಅವನು ಕೊಲೆಗಾರನಲ್ಲ, ಕ್ರೂರಿ ಹೌದು; ಕ್ಯಾಥರೀನ್‌ಳ ಅನುಮಾನ ಪೂರ್ತಿ ತಪ್ಪಾಗಿರಲಿಲ್ಲ. ಈ ಹಸ್ತಪ್ರತಿಯನ್ನು 1803ರಲ್ಲಿ 10 ಪೌಂಡಿಗೆ ಕೊಂಡ ಪ್ರಕಾಶಕ ಅದನ್ನು ಅಚ್ಚು ಮಾಡಲೇ ಇಲ್ಲ. 1816ರಲ್ಲಿ ಅಷ್ಟೇ ಹಣ ಕೊಟ್ಟು ಬಿಡಿಸಿಕೊಳ್ಳಬೇಕಾಯಿತು. ಪುಸ್ತಕ ಹೊರಬಂದಾಗ ಆಸ್ಟಿನ್ ತೀರಿಕೊಂಡಿದ್ದರು.

ಕಲ್ಪನೆಯ ಕೋಟೆಗಿಂತ ನಿಜದ ಮನೆಯೇ ಭೀಕರ ಎಂದು ಯಾವ ಮುಸುಕೂ ಇಲ್ಲದೆ ಬರೆದವರು ಮೇರಿ ವುಲ್ಸ್ಟನ್‌ಕ್ರಾಫ್ಟ್. 1798ರಲ್ಲಿ ಪ್ರಕಟವಾದ ಅವರ ಅಪೂರ್ಣ ಕಾದಂಬರಿ ‘ಮರಾಯಾ’ದ ನಾಯಕಿಯನ್ನು ಗಂಡನೇ ಮಗುವಿನಿಂದ ಅಗಲಿಸಿ ಹುಚ್ಚಾಸ್ಪತ್ರೆಗೆ ತಳ್ಳಿರುತ್ತಾನೆ. ಅಲ್ಲಿಯೂ ಕಾರಣ ಆಸ್ತಿಯೇ. ಆ ಪುಸ್ತಕ ಹೊರಬರುವ ಮೊದಲೇ, 1797ರ ಸೆಪ್ಟೆಂಬರಿನಲ್ಲಿ, ಹೆರಿಗೆಯಾದ ಹನ್ನೊಂದನೆಯ ದಿನ ಅವರು ತೀರಿಕೊಂಡರು. ಆಗ ಹುಟ್ಟಿದ ಮಗಳೇ ಮುಂದೆ ಮೇರಿ ಶೆಲ್ಲಿ ಆದದ್ದು.

ಮೇರಿ ಶೆಲ್ಲಿ 1815ರಲ್ಲಿ ದಿನ ತುಂಬದೆ ಹುಟ್ಟಿದ ಮೊದಲ ಮಗುವನ್ನು ಕೆಲವೇ ದಿನಗಳಲ್ಲಿ ಕಳೆದುಕೊಂಡರು. ತಣ್ಣಗಾಗಿದ್ದ ಮಗುವನ್ನು ಬೆಂಕಿಯ ಮುಂದೆ ಉಜ್ಜಿದಾಗ ಮತ್ತೆ ಉಸಿರಾಡಿದಂತೆ ಕನಸು ಬಿತ್ತೆಂದು ದಿನಚರಿಯಲ್ಲಿ ಬರೆದಿಟ್ಟರು. ಮರುವರ್ಷದ ಮಳೆಗಾಲದಂಥ ಬೇಸಿಗೆಯಲ್ಲಿ, ಜಿನೀವಾ ಸರೋವರದ ದಡದ ಮನೆಯಲ್ಲಿ, ಎಲ್ಲರೂ ಒಂದೊಂದು ದೆವ್ವದ ಕಥೆ ಬರೆಯೋಣ ಎಂದು ಕವಿ ಬೈರನ್ ಹೇಳಿದಾಗ ಹುಟ್ಟಿದ್ದು ‘ಫ್ರಾಂಕೆನ್‌ಸ್ಟೈನ್’. ಜೀವ ಕೊಟ್ಟವನೇ ಕೈಬಿಟ್ಟ ಒಂದು ಜೀವದ ಕಥೆ ಅದು. ಹೆರಿಗೆ, ಸಾವು, ತಬ್ಬಲಿತನ ಮೂರನ್ನೂ ಇಪ್ಪತ್ತು ತುಂಬುವ ಮೊದಲೇ ಕಂಡವರು ಅದನ್ನು ಬರೆದರು ಎಂಬುದನ್ನು ಮರೆತು ಓದಿದರೆ ಕಾದಂಬರಿಯ ಅರ್ಧ ತಿರುಳು ಕೈತಪ್ಪುತ್ತದೆ. 1818ರಲ್ಲಿ ಲೇಖಕಿಯ ಹೆಸರಿಲ್ಲದೆ 500 ಪ್ರತಿ ಅಚ್ಚಾದವು. ಬರೆದವನು ಗಂಡಸು ಎಂದೇ ಹಲವರು ನಂಬಿದ್ದರು.

1847ರಲ್ಲಿ ಬ್ರಾಂಟೆ ಸೋದರಿಯರೂ ಗಂಡು ಹೆಸರು ಎನ್ನಿಸಬಹುದಾದ ಕಾವ್ಯನಾಮಗಳಲ್ಲಿಯೇ ಪ್ರಕಟಿಸಬೇಕಾಯಿತು. ಎಮಿಲಿಯವರ ‘ವುದರಿಂಗ್ ಹೈಟ್ಸ್’ನಲ್ಲಿ ಒಡೆದ ಕಿಟಕಿಯಿಂದ ಒಳಗೆ ಬಿಡು ಎಂದು ಕೈಚಾಚುವ ಕ್ಯಾಥರೀನ್ ನಿಜವಾದ ಪ್ರೇತವೋ ಕನಸೋ ತೀರ್ಮಾನವಾಗುವುದಿಲ್ಲ. ಶಾರ್ಲಟ್ ಅವರ ‘ಜೇನ್ ಏರ್’ನಲ್ಲಿ ಅಟ್ಟದಿಂದ ಕೇಳುವ ನಗು ದೆವ್ವದ್ದಲ್ಲ, ಗಂಡ ಬೀಗ ಹಾಕಿಟ್ಟ ಮೊದಲ ಹೆಂಡತಿಯದು.

19ನೇ ಶತಮಾನದ ನಡುವೆ ದೆವ್ವದ ಕಥೆಗೆ ಹೊಸ ಮಾರುಕಟ್ಟೆ ಸಿಕ್ಕಿತು. ಚಾರ್ಲ್ಸ್ ಡಿಕನ್ಸ್ ತಮ್ಮ ‘ಹೌಸ್‌ಹೋಲ್ಡ್ ವರ್ಡ್ಸ್’ ವಾರಪತ್ರಿಕೆಗೆ ಕ್ರಿಸ್ಮಸ್ ವಿಶೇಷ ಸಂಚಿಕೆ ತರತೊಡಗಿದರು. ನಮ್ಮಲ್ಲಿ ದೀಪಾವಳಿ ವಿಶೇಷಾಂಕಕ್ಕೆ ಕಥೆ ಕೇಳುವಂತೆ ಅಲ್ಲಿ ಚಳಿಗಾಲದ ಸಂಚಿಕೆಗೆ ದೆವ್ವದ ಕಥೆ ಕೇಳುವುದು ರೂಢಿಯಾಯಿತು. 1861ರಲ್ಲಿ ಕಾಗದದ ಮೇಲಿನ ಸುಂಕ ರದ್ದಾದ ಮೇಲೆ ಅಗ್ಗದ ಮಾಸಪತ್ರಿಕೆಗಳು ಹೆಚ್ಚಿದವು. ಹೊರಗೆ ಹೋಗಿ ದುಡಿಯುವ ದಾರಿಗಳು ಮುಚ್ಚಿದ್ದ ಮಧ್ಯಮವರ್ಗದ ಹೆಂಗಸರಿಗೆ ಇದೊಂದು ನಂಬಬಹುದಾದ ಗಳಿಕೆಯಾಯಿತು.

ಎಲಿಜಬೆತ್ ಗ್ಯಾಸ್ಕೆಲ್ 1852ರ ಕ್ರಿಸ್ಮಸ್ ಸಂಚಿಕೆಗೆ ಬರೆದ ‘ದಿ ಓಲ್ಡ್ ನರ್ಸಸ್ ಸ್ಟೋರಿ’ ಆ ಕಾಲದ ಅತ್ಯುತ್ತಮ ಕಥೆಗಳಲ್ಲಿ ಒಂದು. ರೋಸಮಂಡ್ ಎಂಬ ಅನಾಥ ಮಗುವನ್ನು ಸಾಕುದಾದಿ ಹೆಸ್ಟರ್ ನಾರ್ತಂಬರ್ಲೆಂಡಿನ ಹಳೆಯ ಬಂಗಲೆಗೆ ಕರೆತರುತ್ತಾಳೆ. ಅಲ್ಲಿ ಎಂಬತ್ತರ ಆಸುಪಾಸಿನ ಮಿಸ್ ಫರ್ನಿವಲ್ ಇದ್ದಾಳೆ. ಒಂದು ದಿನ ಮಗು ಕಾಣೆಯಾಗಿ, ಹಿಮದಲ್ಲಿ ಅರೆಜೀವವಾಗಿ ಸಿಗುತ್ತದೆ. ಪುಟ್ಟ ಹುಡುಗಿಯೊಬ್ಬಳು ಕರೆದಳು, ಕೈ ಹಿಡಿದು ನಡೆಸಿದಳು ಎನ್ನುತ್ತದೆ. ಹಿಮದ ಮೇಲೆ ಇದ್ದದ್ದು ಒಬ್ಬಳದೇ ಹೆಜ್ಜೆಗುರುತು. ಮಿಸ್ ಫರ್ನಿವಲ್‌ಳ ಅಕ್ಕ ಹಿಂದೆ ವಿದೇಶಿ ಸಂಗೀತಗಾರನನ್ನು ಗುಟ್ಟಾಗಿ ಮದುವೆಯಾಗಿ ಮಗು ಹೆತ್ತಿದ್ದಳು. ಹೊಟ್ಟೆಕಿಚ್ಚಿನಿಂದ ತಂಗಿ ಅದನ್ನು ಅಪ್ಪನಿಗೆ ತಿಳಿಸಿದಳು. ಅಪ್ಪ ತಾಯಿಮಗುವನ್ನು ಹಿಮದ ರಾತ್ರಿಯಲ್ಲಿ ಹೊರಗೆ ದಬ್ಬಿದ. ಕೊನೆಯ ದೃಶ್ಯದಲ್ಲಿ ಆ ರಾತ್ರಿ ಮತ್ತೆ ಎಲ್ಲರ ಕಣ್ಣೆದುರು ನಡೆಯುತ್ತದೆ. ನಿಂತು ನೋಡುತ್ತಿರುವ ಕಲ್ಲುಮನಸ್ಸಿನ ತರುಣಿಯ ಪ್ರೇತ ಬೇರೆ ಯಾರದೂ ಅಲ್ಲ, ಇನ್ನೂ ಬದುಕಿರುವ ಮಿಸ್ ಫರ್ನಿವಲ್‌ಳದೇ. ಪ್ರೇತಗಳು ಮಗುವಿಗೆ ಮಾತ್ರ ಕಾಣಲಿ ಎಂದು ಡಿಕನ್ಸ್ ಪತ್ರ ಬರೆದು ಒತ್ತಾಯಿಸಿದರು. ಗ್ಯಾಸ್ಕೆಲ್ ಬಗ್ಗಲಿಲ್ಲ. ಅವರು ಮಾಡಿದ್ದೇ ಸರಿ. ಮಗುವಿಗೆ ಮಾತ್ರ ಕಂಡಿದ್ದರೆ ಅದು ಭ್ರಮೆ ಎಂದು ಮನೆಯವರು ತಪ್ಪಿಸಿಕೊಳ್ಳಬಹುದಿತ್ತು. ಎಲ್ಲರೂ ಕಂಡಾಗ ಅಪ್ಪನ ಕ್ರೌರ್ಯಕ್ಕೂ ತಂಗಿಯ ಮೌನಕ್ಕೂ ಸಾಕ್ಷಿ ಸಿಕ್ಕಂತಾಯಿತು.

ಗ್ಯಾಸ್ಕೆಲ್ ಅವರ ಸ್ವಂತ ಬದುಕಿನಲ್ಲೂ ಕಾನೂನಿನ ನೆರಳಿತ್ತು. 1850ರಲ್ಲಿ ಒಂದು ಕಥೆಗೆ ಬಂದ 20 ಪೌಂಡನ್ನು ಗಂಡ ನೆಮ್ಮದಿಯಾಗಿ ತನ್ನ ಜೇಬಿಗೆ ಇಳಿಸಿದ್ದನ್ನು ಅವರು ಗೆಳತಿಗೆ ಪತ್ರದಲ್ಲಿ ತಿಳಿಸಿದ್ದರು. 1865ರಲ್ಲಿ ಬರವಣಿಗೆಯ ಹಣದಿಂದ ಹ್ಯಾಂಪ್‌ಶೈರಿನಲ್ಲಿ ಗಂಡನಿಗೆ ಗೊತ್ತಾಗದಂತೆ ಒಂದು ಮನೆ ಕೊಂಡರು. ಅದೇ ನವೆಂಬರಿನಲ್ಲಿ ಆ ಮನೆಯಲ್ಲಿಯೇ ಹಠಾತ್ತನೆ ತೀರಿಕೊಂಡರು.

ದೆವ್ವದ ಮನೆಯನ್ನು ಬಾಡಿಗೆ ಲೆಕ್ಕದವರೆಗೆ ಎಳೆತಂದವರು ಐರ‍್ಲೆಂಡಿನಿಂದ ಲಂಡನ್ನಿಗೆ ಬಂದ ಶಾರ್ಲಟ್ ರಿಡೆಲ್. 1875ರ ‘ದಿ ಅನ್‌ಇನ್‌ಹ್ಯಾಬಿಟೆಡ್ ಹೌಸ್’ನಲ್ಲಿ ರಿವರ್ ಹಾಲ್ ಎಂಬ ಮನೆಗೆ ಬಂದ ಬಾಡಿಗೆದಾರರೆಲ್ಲ ಓಡಿಹೋಗುತ್ತಾರೆ. ಆ ಬಾಡಿಗೆಯನ್ನೇ ನೆಚ್ಚಿಕೊಂಡ ಅನಾಥ ಹುಡುಗಿ ಮತ್ತು ಅವಳ ಚಿಕ್ಕಮ್ಮ ವಕೀಲರ ಕಚೇರಿಗೆ ಅಲೆಯುತ್ತಾರೆ. ಜಗಳ ಕೋರ್ಟು ಮುಟ್ಟುತ್ತದೆ. ‘ವಾಲ್ನಟ್ ಟ್ರೀ ಹೌಸ್’ ಕಥೆಯಲ್ಲಿ ಒಂದು ಮಗುವಿನ ಪ್ರೇತ ಕಳೆದುಹೋದ ಉಯಿಲನ್ನು ಹುಡುಕುತ್ತ ಕೋಣೆಯಿಂದ ಕೋಣೆಗೆ ತಿರುಗುತ್ತದೆ. ಇವು ಊಹೆಯಿಂದ ಬಂದ ವಿವರಗಳಲ್ಲ. ರಿಡೆಲ್ ಅವರ ಗಂಡ 1871ರಲ್ಲಿ ದಿವಾಳಿಯಾಗಿದ್ದ. 1880ರಲ್ಲಿ ಅವನು ಸತ್ತ ಮೇಲೂ ಅವನ ಸಾಲವನ್ನು ಅವರು ಬರೆದು ಬರೆದು ತೀರಿಸಿದರು. ಅವರ ‘ವಿಯರ್ಡ್ ಸ್ಟೋರೀಸ್’ ಸಂಕಲನ ಬಂದದ್ದು, ಆಸ್ತಿ ಕಾಯ್ದೆ ಆದ 1882ರಲ್ಲಿಯೇ. 1901ರಲ್ಲಿ ಲೇಖಕರ ಸಂಘ ಮೊದಲ ಬಾರಿಗೆ ಪಿಂಚಣಿ ಕೊಡಲು ಮುಂದಾದಾಗ ಅದು ಸಂದದ್ದು ಇವರಿಗೆ, ವರ್ಷಕ್ಕೆ 60 ಪೌಂಡ್.

ಸ್ಕಾಟ್‌ಲೆಂಡಿನ ಮಾರ್ಗರೆಟ್ ಆಲಿಫಂಟ್ 1859ರಲ್ಲಿ ವಿಧವೆಯಾಗಿ ತಮ್ಮ ಮಕ್ಕಳನ್ನೂ ಅಣ್ಣನ ಮಕ್ಕಳನ್ನೂ ಬರವಣಿಗೆಯಿಂದಲೇ ಸಾಕಿದರು. ತಮಗೆ ಬರೆಯಲು ಪ್ರತ್ಯೇಕ ಕೋಣೆ ಎಂಬುದು ಎಂದೂ ಇರಲಿಲ್ಲ, ಮನೆಯ ಹೆಂಗಸರೆಲ್ಲ ಓಡಾಡುವ ಚಿಕ್ಕ ಹಜಾರವೇ ತಮ್ಮ ಅಭ್ಯಾಸದ ಕೋಣೆ ಎಂದು ಆತ್ಮಕಥೆಯಲ್ಲಿ ಹೇಳಿಕೊಂಡಿದ್ದಾರೆ. 1896ರ ಅವರ ‘ದಿ ಲೈಬ್ರರಿ ವಿಂಡೋ’ದಲ್ಲಿ ಓದುವ ಹುಚ್ಚಿನ ಹುಡುಗಿಯೊಬ್ಬಳಿಗೆ ಎದುರಿನ ಗ್ರಂಥಾಲಯದ ಕಿಟಕಿಯೊಳಗೆ ಒಬ್ಬ ವಿದ್ವಾಂಸ ತಲೆಯೆತ್ತದೆ ಬರೆಯುತ್ತಿರುವುದು ಕಾಣುತ್ತದೆ. ಅಲ್ಲಿ ಅಂಥ ಕಿಟಕಿಯೇ ಇಲ್ಲ. ಆತ್ಮಕಥೆಯ ಆ ಮಾತನ್ನು ಓದಿದವರಿಗೆ ಈ ಕಥೆಯ ನೋವು ಬೇರೆಯೇ ಆಗಿ ತಟ್ಟುತ್ತದೆ.

ಅಮೆರಿಕದಲ್ಲಿ ಶಾರ್ಲಟ್ ಪರ್ಕಿನ್ಸ್ ಗಿಲ್ಮನ್ ಈ ಪರಂಪರೆಯನ್ನು ವೈದ್ಯರ ಕೋಣೆಗೆ ಒಯ್ದರು. 1885ರಲ್ಲಿ ಮಗಳು ಹುಟ್ಟಿದ ಮೇಲೆ ಅವರನ್ನು ಖಿನ್ನತೆ ಕವಿಯಿತು. 1887ರಲ್ಲಿ ಫಿಲಡೆಲ್ಫಿಯಾದ ಹೆಸರಾಂತ ನರರೋಗ ವೈದ್ಯ ಸೈಲಾಸ್ ವಿಯರ್ ಮಿಚೆಲ್ ಅವರಿಗೆ ‘ವಿಶ್ರಾಂತಿ ಚಿಕಿತ್ಸೆ’ ಕೊಟ್ಟರು: ಹಾಸಿಗೆ ಬಿಟ್ಟೇಳಬಾರದು, ಹೊಟ್ಟೆ ತುಂಬ ತಿನ್ನಬೇಕು. ಮನೆಗೆ ಕಳಿಸುವಾಗ, ಆದಷ್ಟು ಗೃಹಕೃತ್ಯದಲ್ಲಿಯೇ ಇರಬೇಕು, ದಿನಕ್ಕೆ ಎರಡು ಗಂಟೆಗಿಂತ ಹೆಚ್ಚು ಬುದ್ಧಿಯ ಕೆಲಸ ಬೇಡ, ಇನ್ನು ಜೀವಮಾನದಲ್ಲಿ ಪೆನ್ನು ಮುಟ್ಟಬಾರದು ಎಂದು ಅಪ್ಪಣೆ ಮಾಡಿದರು. ಮೂರು ತಿಂಗಳು ಪಾಲಿಸಿ ಬುದ್ಧಿಭ್ರಮೆಯ ಅಂಚಿಗೆ ಬಂದ ಗಿಲ್ಮನ್ ಆ ಸಲಹೆಯನ್ನು ಎಸೆದು ಬರೆಯಲು ಕೂತರು. 1892ರ ಜನವರಿಯಲ್ಲಿ ಪ್ರಕಟವಾದ ‘ದಿ ಯೆಲ್ಲೋ ವಾಲ್‌ಪೇಪರ್’ನ ಬಾಣಂತಿಯನ್ನು ವೈದ್ಯನಾದ ಗಂಡ ಬಾಡಿಗೆ ಬಂಗಲೆಯ ಮೇಲ್ಮಾಳಿಗೆಯಲ್ಲಿ ಇರಿಸುತ್ತಾನೆ. ಕಿಟಕಿಗೆ ಸರಳುಗಳಿವೆ, ಮಂಚವನ್ನು ನೆಲಕ್ಕೆ ಮೊಳೆ ಹೊಡೆದು ಕೂರಿಸಲಾಗಿದೆ. ಗೋಡೆಯ ಹಳದಿ ಕಾಗದದ ಚಿತ್ತಾರದ ಹಿಂದೆ ಒಬ್ಬ ಹೆಂಗಸು ಸರಳು ಹಿಡಿದು ಅಲುಗಿಸುತ್ತಿರುವುದು ಅವಳಿಗೆ ಕಾಣತೊಡಗುತ್ತದೆ. ಕೊನೆಗೆ ಅವಳು ಕಾಗದವನ್ನೆಲ್ಲ ಹರಿದುಹಾಕುತ್ತಾಳೆ. ಅದು ಪ್ರೇತವೋ ಬಾಣಂತಿ ಸನ್ನಿಯೋ ಎಂದು ಕಥೆ ಹೇಳುವುದಿಲ್ಲ. ತ್ರಿವೇಣಿಯವರ ‘ಶರಪಂಜರ’ದ ಕಾವೇರಿಯನ್ನು ಬಲ್ಲ ಕನ್ನಡ ಓದುಗರಿಗೆ ಈ ಹೆಣ್ಣು ಅಪರಿಚಿತಳಲ್ಲ. ಅವಳೂ ಹೆರಿಗೆಯ ನಂತರ ಮನಸ್ಸು ಕದಡಿದವಳು, ಸುತ್ತಲಿನವರ ನೋಟದಿಂದಲೇ ಮತ್ತೆ ಕುಸಿದವಳು.

ತನಗಾದ ಸಂಕಟವನ್ನು ಇತರರಿಗೆ ಕೊಡಲಾರೆ ಎಂದು ‘ಅಟ್ಲಾಂಟಿಕ್’ ಪತ್ರಿಕೆಯ ಸಂಪಾದಕ ಹಿಂದಿರುಗಿಸಿದ್ದ ಗಿಲ್ಮನ್ ಕಥೆಯನ್ನು ಬಹುಕಾಲ ಬರಿಯ ಭಯದ ಕಥೆಯೆಂದೇ ಸಂಕಲನಗಳಿಗೆ ಸೇರಿಸಲಾಯಿತು. ಅದೇ ಪರಂಪರೆಯಲ್ಲಿ 1959ರಲ್ಲಿ ಶರ್ಲಿ ಜಾಕ್ಸನ್ ‘ದಿ ಹಾಂಟಿಂಗ್ ಆಫ್ ಹಿಲ್ ಹೌಸ್’ ಬರೆದು, ಹಾಸಿಗೆ ಹಿಡಿದ ತಾಯಿಯ ಸೇವೆಯಲ್ಲಿ ಹನ್ನೊಂದು ವರ್ಷ ಕಳೆದ ಎಲಿನರ್‌ಳನ್ನು ದೆವ್ವದ ಮನೆಗೆ ಕಳಿಸಿದರು. ಬೇರೆ ಮನೆಯಿಲ್ಲದ ಅವಳಿಗೆ ಅದೇ ಮನೆಯೆನಿಸುತ್ತದೆ.

ಈ ಬರಹಗಳ ಮರುಓದಿಗೆ ದಾರಿ ಮಾಡಿದ್ದು 1970ರ ದಶಕದ ಸ್ತ್ರೀವಾದಿ ಪ್ರಕಾಶನಗಳು. ಅಮೆರಿಕದ ಫೆಮಿನಿಸ್ಟ್ ಪ್ರೆಸ್ 1973ರಲ್ಲಿ ಗಿಲ್ಮನ್ ಕಥೆಯನ್ನು ಪ್ರತ್ಯೇಕ ಪುಸ್ತಕವಾಗಿ ತಂದಿತು. ರಿಡೆಲ್ ಅವರ ದೆವ್ವದ ಕಥೆಗಳು 1977ರಲ್ಲಿ ಒಟ್ಟಾಗಿ ಅಚ್ಚಾದವು. ಲಂಡನ್ನಿನ ವಿರಾಗೊ ಪ್ರಕಾಶನ 1988ರಲ್ಲಿ ವಿಕ್ಟೋರಿಯಾ ಕಾಲದ ಲೇಖಕಿಯರ ದೆವ್ವದ ಕಥೆಗಳ ಸಂಕಲನವನ್ನೇ ಹೊರತಂದಿತು. ಇಂದು ಗಿಲ್ಮನ್ ಕಥೆ ಸಾಹಿತ್ಯದ ತರಗತಿಗಳಲ್ಲಿ ಪಠ್ಯವಾಗಿದೆ.