ಎರಡೂ ಕಡೆಯ ಎಕ್ಸ್ ಹೊಡೆದುಹಾಕಿದರೆ ಉತ್ತರ ಸಿಗುತ್ತದೆಯೇ? ಇದು ಅರ್ಧ ಮಾತ್ರ ನಿಜ

ಹತ್ತನೇ ತರಗತಿ ಪರೀಕ್ಷೆ ಹತ್ತಿರ ಬಂದಂತೆ ವಾಟ್ಸ್‌ಆ್ಯಪ್ ಗುಂಪುಗಳಲ್ಲಿ ಗಣಿತದ ಶಾರ್ಟ್‌ಕಟ್‌ಗಳು ಹರಿದಾಡತೊಡಗುತ್ತವೆ. ಅಂಥದ್ದೊಂದು ತಂತ್ರ ಹೀಗಿದೆ: ಎಕ್ಸ್² = 4ಎಕ್ಸ್ ಎಂಬ ಲೆಕ್ಕ ಬಂದರೆ ಎರಡೂ ಕಡೆಯಿಂದ ಒಂದೊಂದು ಎಕ್ಸ್ ಹೊಡೆದುಹಾಕಿ, ಉತ್ತರ 4. ಸೂತ್ರವೂ ಬೇಡ, ಅಪವರ್ತನವೂ ಬೇಡ.

ಎಕ್ಸ್ ಜಾಗದಲ್ಲಿ 4 ಇಟ್ಟು ನೋಡಿದರೆ 16 = 16, ತಾಳೆಯಾಗುತ್ತದೆ. ಹಾಗಾಗಿ ನಾವೂ ಮುಂದಕ್ಕೆ ಕಳಿಸಿಬಿಡುತ್ತೇವೆ. ಆದರೆ ಈ ಲೆಕ್ಕಕ್ಕೆ ಇನ್ನೊಂದು ಉತ್ತರವಿದೆ, ಅದು ಹೊಡೆದುಹಾಕುವಾಗಲೇ ಕಳೆದುಹೋಗಿದೆ. ಪರೀಕ್ಷೆಯಲ್ಲಿ ಅದರ ಜೊತೆಗೆ ಅಂಕವೂ ಹೋಗುತ್ತದೆ.

ನಕ್ಷೆ ಬರೆದು ನೋಡೋಣ

ಎಲ್ಲವನ್ನೂ ಒಂದೇ ಕಡೆಗೆ ತಂದರೆ ಎಕ್ಸ್² − 4ಎಕ್ಸ್ = 0. ಎಡಗಡೆಯ ಭಾಗವನ್ನು ವೈ ಎಂದು ಕರೆಯೋಣ: ವೈ = ಎಕ್ಸ್² − 4ಎಕ್ಸ್. ಎಕ್ಸ್‌ಗೆ ಒಂದೊಂದೇ ಬೆಲೆ ಕೊಟ್ಟು ವೈ ಎಷ್ಟಾಗುತ್ತದೆಂದು ಬರೆದುಕೊಳ್ಳಿ.

ಎಕ್ಸ್: −1, 0, 1, 2, 3, 4, 5
ವೈ: 5, 0, −3, −4, −3, 0, 5

ಹೆಚ್ಚಿನವರು ಎಡವುವುದು ಮೊದಲ ಬೆಲೆಯಲ್ಲೇ. −1ರ ವರ್ಗ 1, −1 ಅಲ್ಲ. ಆವರಣ ಹಾಕದೆ −1² ಎಂದು ಒತ್ತಿದರೆ ಅನೇಕ ಕ್ಯಾಲ್ಕುಲೇಟರ್‌ಗಳು −1 ಎಂದೇ ತೋರಿಸುತ್ತವೆ. ಎಕ್ಸೆಲ್‌ನಲ್ಲಿ ಅದನ್ನೇ ಬರೆದರೆ 1 ಬರುತ್ತದೆ! ಆವರಣ ಹಾಕಿ (−1)² ಎಂದು ಕೊಟ್ಟರೆ ಈ ಗೊಂದಲವಿಲ್ಲ.

ಈಗ ಗ್ರಾಫ್ ಹಾಳೆಯಲ್ಲಿ ಏಳು ಚುಕ್ಕೆ ಇಟ್ಟು ಕೈಯಿಂದಲೇ ನಯವಾಗಿ ಸೇರಿಸಿ. ಸ್ಕೇಲ್ ಇಟ್ಟು ಚುಕ್ಕೆಯಿಂದ ಚುಕ್ಕೆಗೆ ಗೆರೆ ಎಳೆಯಬೇಡಿ, ಇದು ಬಾಗಿದ ಗೆರೆ. ಬಟ್ಟಲಿನಂತೆ ಕಾಣುವ ಈ ಆಕಾರಕ್ಕೆ ಪರವಲಯ ಎಂದು ಹೆಸರು. ಮೇಲಿನ ಪಟ್ಟಿಯನ್ನೇ ಇನ್ನೊಮ್ಮೆ ನೋಡಿ: 2ರ ಎರಡೂ ಬದಿ ಕನ್ನಡಿಯಲ್ಲಿ ನೋಡಿದಂತೆ ಒಂದೇ ಸಂಖ್ಯೆಗಳಿವೆ. ಬಟ್ಟಲಿನ ತಳ ಇರುವುದು ಅಲ್ಲೇ, −4ರ ಆಳದಲ್ಲಿ.

ಬಟ್ಟಲು ಅಡ್ಡಗೆರೆಯನ್ನು, ಅಂದರೆ ಎಕ್ಸ್ ಅಕ್ಷವನ್ನು, ಎಲ್ಲಿ ದಾಟುತ್ತದೋ ಅಲ್ಲಿ ವೈ ಸೊನ್ನೆ. ಆ ಜಾಗಗಳೇ ಸಮೀಕರಣದ ಉತ್ತರಗಳು. ನಮ್ಮ ಗೆರೆ ದಾಟಿದ್ದು ಎರಡು ಕಡೆ: 4ರಲ್ಲಿ ಮತ್ತು 0ಯಲ್ಲಿ. ಕಳೆದುಹೋದ ಉತ್ತರ ಆ ಸೊನ್ನೆ.

ಅದು ಹೋದದ್ದು ಹೇಗೆ?

'ಹೊಡೆದುಹಾಕಿ' ಎಂದರೆ ನಿಜವಾಗಿ 'ಎಕ್ಸ್‌ನಿಂದ ಭಾಗಿಸಿ' ಎಂದು ಅರ್ಥ. ಸೊನ್ನೆಯಿಂದ ಭಾಗಿಸುವಂತಿಲ್ಲ. ಹಾಗಾಗಿ ಭಾಗಿಸಿದ ಕ್ಷಣವೇ ಎಕ್ಸ್ ಸೊನ್ನೆಯಲ್ಲ ಎಂದು ನಾವು ಯಾರನ್ನೂ ಕೇಳದೆ ತೀರ್ಮಾನಿಸಿಬಿಟ್ಟೆವು. ಸೊನ್ನೆಯ ಭಾಗಾಕಾರದಲ್ಲಿ ಎಡವಿದವರಲ್ಲಿ ನಾವೇ ಮೊದಲಿಗರೇನಲ್ಲ. ವರ್ಗ ಸಮೀಕರಣ ಬಿಡಿಸುವ ನಿಯಮ ಕೊಟ್ಟ ಬ್ರಹ್ಮಗುಪ್ತರೇ 628ರ ತಮ್ಮ ಬ್ರಾಹ್ಮಸ್ಫುಟಸಿದ್ಧಾಂತದಲ್ಲಿ ಸೊನ್ನೆಯನ್ನು ಸೊನ್ನೆಯಿಂದ ಭಾಗಿಸಿದರೆ ಸೊನ್ನೆ ಎಂದಿದ್ದರು. ಇಂದಿನ ಗಣಿತ ಅದನ್ನು ಒಪ್ಪುವುದಿಲ್ಲ.

ಸರಿಯಾದ ದಾರಿಯೇನೂ ಉದ್ದವಿಲ್ಲ. ಎಕ್ಸ್ ಅನ್ನು ಹೊರಗೆ ತೆಗೆದು ಎಕ್ಸ್(ಎಕ್ಸ್ − 4) = 0 ಎಂದು ಬರೆಯಿರಿ. ಗುಣಲಬ್ಧ ಸೊನ್ನೆಯಾಗಬೇಕಾದರೆ ಎರಡರಲ್ಲಿ ಒಂದಾದರೂ ಸೊನ್ನೆಯಾಗಲೇಬೇಕು: ಎಕ್ಸ್ = 0, ಇಲ್ಲವೇ ಎಕ್ಸ್ = 4.

'ವರ್ಗ ಸಮೀಕರಣಕ್ಕೆ ಯಾವಾಗಲೂ ಎರಡು ಉತ್ತರ' ಎನ್ನುವುದು?

ಅದೂ ಪೂರ್ತಿ ಸರಿಯಲ್ಲ. ಅದೇ ಬಟ್ಟಲನ್ನು ಆಕಾರ ಕೆಡಿಸದೆ ಮೇಲಕ್ಕೆತ್ತಿ ನೋಡಿ. 3 ಮನೆ ಎತ್ತಿದರೆ ಎಕ್ಸ್² − 4ಎಕ್ಸ್ + 3. ಈಗ ಅಡ್ಡಗೆರೆಯನ್ನು 1 ಮತ್ತು 3ರಲ್ಲಿ ದಾಟುತ್ತದೆ. ನೆಟ್ಟಗಿನ ಗೆರೆಯನ್ನು, ಅಂದರೆ ವೈ ಅಕ್ಷವನ್ನು, ಎಲ್ಲಿ ದಾಟುತ್ತದೆಂದು ತಿಳಿಯಲು ಎಕ್ಸ್ ಜಾಗದಲ್ಲಿ 0 ಇಟ್ಟರೆ ಸಾಕು, 3 ಸಿಗುತ್ತದೆ. ಕೊನೆಯಲ್ಲಿ ಒಂಟಿಯಾಗಿರುವ ಸಂಖ್ಯೆಯೇ ಅದು, ಬೇರೆ ಲೆಕ್ಕ ಬೇಕಿಲ್ಲ.

4 ಮನೆ ಎತ್ತಿದರೆ ಬಟ್ಟಲಿನ ತಳ 2ರಲ್ಲಿ ಅಡ್ಡಗೆರೆಯನ್ನು ಬರೀ ಮುಟ್ಟಿ ನಿಲ್ಲುತ್ತದೆ, ಅಲ್ಲಿಗೆ ಕಾಣುವ ಉತ್ತರ ಒಂದೇ. 5 ಮನೆ ಎತ್ತಿದರೆ ಮುಟ್ಟುವುದೇ ಇಲ್ಲ. ಅಂದರೆ ಎಕ್ಸ್² − 4ಎಕ್ಸ್ + 5 = 0 ಎಂಬುದಕ್ಕೆ ವಾಸ್ತವ ಸಂಖ್ಯೆಗಳಲ್ಲಿ ಉತ್ತರವಿಲ್ಲ. ಪಠ್ಯಪುಸ್ತಕದ ಶೋಧಕ ಹೇಳುವುದೂ ಇದನ್ನೇ. ಈ ನಾಲ್ಕು ಬಟ್ಟಲುಗಳಿಗೆ ಅದರ ಬೆಲೆ ಕ್ರಮವಾಗಿ 16, 4, 0, −4.

ಹಾಗಾದರೆ ಉತ್ತರ ಬಿಡುವುದೇ ತಪ್ಪೇ?

ಕಾರಣ ಕೊಟ್ಟು ಬಿಡಬಹುದು. ಸುತ್ತಳತೆಯ ಸಂಖ್ಯೆಯೂ ವಿಸ್ತೀರ್ಣದ ಸಂಖ್ಯೆಯೂ ಒಂದೇ ಆಗಿರುವ ಚೌಕದ ಬಾಹು ಎಷ್ಟು ಎಂದು ಕೇಳಿದರೆ ಬರುವುದು ಇದೇ ಎಕ್ಸ್² = 4ಎಕ್ಸ್. ಇಲ್ಲಿ ಉತ್ತರ 4 ಮಾತ್ರ, ಏಕೆಂದರೆ ಬಾಹು 0 ಆದರೆ ಚೌಕವೇ ಇಲ್ಲ. ಶಾರ್ಟ್‌ಕಟ್ ನಂಬುವಂತೆ ಕಾಣುವುದು ಇಂಥ ಲೆಕ್ಕಗಳಿಂದಲೇ.

12ನೇ ಶತಮಾನದ ಭಾಸ್ಕರಾಚಾರ್ಯರು ಬೀಜಗಣಿತ ಗ್ರಂಥದಲ್ಲಿ ಕೋತಿಗಳ ಒಂದು ಲೆಕ್ಕ ಕೊಟ್ಟಿದ್ದಾರೆ. ಹಿಂಡಿನ ಐದನೇ ಒಂದು ಭಾಗದಲ್ಲಿ 3 ಕಳೆದು, ಬಂದದ್ದನ್ನು ವರ್ಗ ಮಾಡಿದರೆ ಸಿಗುವಷ್ಟು ಕೋತಿಗಳು ಗುಹೆಗೆ ಹೋದವು. ಉಳಿದ ಒಂದು ಕೊಂಬೆಯ ಮೇಲೆ ಕಾಣುತ್ತಿದೆ. ಒಟ್ಟು ಎಷ್ಟು? ಗಣಿತದ ಪ್ರಕಾರ 50 ಮತ್ತು 5, ಎರಡೂ ತಾಳೆಯಾಗುತ್ತವೆ. ಬೇಕಿದ್ದರೆ ಹಾಕಿ ನೋಡಿ. ಭಾಸ್ಕರರು ಎರಡನ್ನೂ ಕಂಡುಹಿಡಿದು, ಆಮೇಲೆ 5 ಅನ್ನು ಕೈಬಿಟ್ಟರು. 5 ಕೋತಿಗಳಲ್ಲಿ ಐದನೇ ಒಂದು ಭಾಗವೆಂದರೆ ಒಂದೇ ಕೋತಿ. ಅದರಿಂದ 3 ಕೋತಿಗಳನ್ನು ಕಳೆಯುವುದು ಎಲ್ಲಿಂದ?