ಆಟಕ್ಕೆ ಬೇಕಿದ್ದ ಸಾಕ್ಷಿ

1980ರ ದಶಕದ ಆರಂಭದಲ್ಲಿ ಅಮೆರಿಕದ ಎಷ್ಟೋ ಮಕ್ಕಳು ಮನೆಯ ಟೀವಿಯ ಮುಂದೆ ಕ್ಯಾಮೆರಾ ಹಿಡಿದು ಕೂರುತ್ತಿದ್ದರು. ಅಟಾರಿ 2600 ಯಂತ್ರಕ್ಕೆ ಆಟಗಳನ್ನು ತಯಾರಿಸುತ್ತಿದ್ದ ಆಕ್ಟಿವಿಷನ್ ಕಂಪನಿ ಅವರಿಗೆ ಒಂದು ಆಸೆ ತೋರಿಸಿತ್ತು. ಇಂತಿಷ್ಟು ಅಂಕ ಗಳಿಸಿ, ಪರದೆಯ ಫೋಟೊ ತೆಗೆದು ಅಂಚೆಯಲ್ಲಿ ಕಳಿಸಿದರೆ ಅಂಗಿಗೆ ಹೊಲಿದುಕೊಳ್ಳುವ ಬಟ್ಟೆಯ ಬ್ಯಾಡ್ಜ್ ಮನೆಗೆ ಬರುತ್ತಿತ್ತು. ‘ಪಿಟ್‌ಫಾಲ್’ ಆಟಕ್ಕೆ 20,000 ಅಂಕ ಬೇಕು, ‘ಡ್ರ್ಯಾಗ್‌ಸ್ಟರ್’ ಎಂಬ ಕಾರ್ ರೇಸನ್ನು 6 ಸೆಕೆಂಡಿನೊಳಗೆ ಮುಗಿಸಬೇಕು. ಗೆದ್ದ ಮೇಲೆ ಫೋಟೊ ತೆಗೆಯುವುದೇ ಇನ್ನೊಂದು ಪರೀಕ್ಷೆ. ಫ್ಲ್ಯಾಷ್ ಬಳಸಿದರೆ ಗಾಜಿನ ಮೇಲೆ ಬಿಳಿ ಕಲೆಯಷ್ಟೇ ಬರುತ್ತದೆ. ಷಟರ್ ವೇಗವಾಗಿ ಮುಚ್ಚಿದರೆ ಚಿತ್ರಕ್ಕೆ ಅಡ್ಡಲಾಗಿ ಕಪ್ಪು ಪಟ್ಟಿ ಬೀಳುತ್ತದೆ, ಏಕೆಂದರೆ ಆ ಕಾಲದ ಟೀವಿ ಇಡೀ ಚಿತ್ರವನ್ನು ಒಂದೇ ಸಲಕ್ಕೆ ತೋರಿಸುತ್ತಿರಲಿಲ್ಲ; ಮೇಲಿನಿಂದ ಕೆಳಕ್ಕೆ ಗೆರೆ ಗೆರೆಯಾಗಿ, ಸೆಕೆಂಡಿಗೆ 60 ಸಲ ಬರೆಯುತ್ತಿತ್ತು. ಕೋಣೆಯ ದೀಪ ಆರಿಸಿ, ಕ್ಯಾಮೆರಾ ಅಲುಗದ ಹಾಗೆ ಇಟ್ಟು, ನಿಧಾನದ ಷಟರಿನಲ್ಲಿ ತೆಗೆದರೆ ಅಂಕ ಓದಲು ಬರುವಂಥ ಫೋಟೊ ಸಿಗುತ್ತಿತ್ತು.

ಇಂದು ಗೇಮ್ ವಿಡಿಯೊ ಎಂದರೆ ಕೋಟಿಗಟ್ಟಲೆ ಜನ ನೋಡುವ ಮನರಂಜನೆ. ಆದರೆ ಆಟವನ್ನು ದಾಖಲಿಸುವ ಅಭ್ಯಾಸದ ಬೇರು ಇಂಥ ಫೋಟೊಗಳಲ್ಲಿದೆ. ಮೊದಲು ಬೇಕಾಗಿದ್ದದ್ದು ನೋಡುಗರಲ್ಲ, ನಂಬುವವರು.

ಆ ನಂಬಿಕೆ ಎಷ್ಟು ತೆಳುವಾಗಿತ್ತು ಎನ್ನುವುದಕ್ಕೆ ‘ಡ್ರ್ಯಾಗ್‌ಸ್ಟರ್’ ಆಟವೇ ಉದಾಹರಣೆ. ಅದನ್ನು 1982ರಲ್ಲಿ 5.51 ಸೆಕೆಂಡಿನಲ್ಲಿ ಮುಗಿಸಿದೆ ಎಂಬ ಟಾಡ್ ರೋಜರ್ಸ್ ಅವರ ದಾಖಲೆ ಮೂರೂವರೆ ದಶಕ ಅಲುಗಲಿಲ್ಲ. ಗಿನ್ನೆಸ್ ಕೂಡ ಅದನ್ನು ಮನ್ನಿಸಿತ್ತು. ಕೊನೆಗೆ ಎರಿಕ್ ಕೋಜಿಯಲ್ ಎಂಬ ಸ್ಪೀಡ್‌ರನ್ನರ್ (ಆಟಗಳನ್ನು ಆದಷ್ಟು ಬೇಗ ಮುಗಿಸಲು ಪೈಪೋಟಿ ನಡೆಸುವವರು) ಆಟದ ಪ್ರೋಗ್ರಾಮನ್ನೇ ಬಿಡಿಸಿ ಲೆಕ್ಕ ಹಾಕಿದರು. ಒಂದು ಗುಂಡಿಯನ್ನೂ ತಪ್ಪದೆ ಒತ್ತಿದರೂ 5.57ಕ್ಕಿಂತ ಕಡಿಮೆ ಸಮಯ ಸಿಗುವ ದಾರಿ ಅವರಿಗೆ ಕಾಣಲಿಲ್ಲ. ಆಡಿದ ಆಟದ ಚಲಿಸುವ ಚಿತ್ರ ಯಾರ ಬಳಿಯೂ ಇರಲಿಲ್ಲ. 2018ರ ಜನವರಿಯಲ್ಲಿ ಆ ದಾಖಲೆಯನ್ನು ಪಟ್ಟಿಯಿಂದ ತೆಗೆದುಹಾಕಲಾಯಿತು. ತನ್ನ ಸಾಧನೆ ನಿಜವೆಂದೇ ರೋಜರ್ಸ್ ಹೇಳುತ್ತ ಬಂದರು.

ಆ ಪಟ್ಟಿ ಇಟ್ಟಿದ್ದದ್ದು ಟ್ವಿನ್ ಗ್ಯಾಲಕ್ಸೀಸ್. ಅಯೋವಾ ರಾಜ್ಯದ ಅಟಮ್ವಾ ಎಂಬ ಸಣ್ಣ ಊರಿನಲ್ಲಿ ವಾಲ್ಟರ್ ಡೇ 1981ರ ನವೆಂಬರಿನಲ್ಲಿ ಆ ಹೆಸರಿನ ಗೇಮ್ ಅಂಗಡಿ ತೆರೆದರು. ಮರುವರ್ಷದಿಂದ ಅದೇ ಇಡೀ ದೇಶದ ಅಂಕಪಟ್ಟಿಯ ಕಚೇರಿಯಾಯಿತು. ವಿಸಿಆರ್‌ಗಳು ಮನೆಮನೆಗೆ ಬಂದ ಮೇಲೆ ಸಾಕ್ಷಿಯ ಸ್ವರೂಪ ಬದಲಾಯಿತು. ಗೇಮಿನ ತಂತಿಯನ್ನು ನೇರ ಟೀವಿಗೆ ಕೊಡದೆ ವಿಸಿಆರ್‌ಗೆ ಕೊಟ್ಟು, ಅಲ್ಲಿಂದ ಟೀವಿಗೆ ಎಳೆದು, ಖಾಲಿ ಕ್ಯಾಸೆಟ್ ಹಾಕಿ ರೆಕಾರ್ಡ್ ಗುಂಡಿ ಒತ್ತಿದರೆ ಆಯಿತು, ಆಟ ಮೊದಲಿಂದ ಕೊನೆತನಕ ಟೇಪಿನಲ್ಲಿ ಕೂರುತ್ತಿತ್ತು. ಅಂಗಡಿಯಲ್ಲಿನ ಆಳೆತ್ತರದ ಯಂತ್ರಗಳಿಗೆ ಈ ಸೌಲಭ್ಯ ಇರಲಿಲ್ಲ. ಅವುಗಳ ಎದುರು ಕ್ಯಾಮ್‌ಕಾರ್ಡರ್ ನಿಲ್ಲಿಸಬೇಕಿತ್ತು, ಇಲ್ಲವೇ ಒಳಗಿನ ಬೋರ್ಡಿನಿಂದ ಸಿಗ್ನಲ್ ಎಳೆಯಬೇಕಿತ್ತು.

ಟೇಪಿಗೂ ತಕರಾರು ತಪ್ಪಲಿಲ್ಲ. ‘ಡಾಂಕಿ ಕಾಂಗ್’ ಆಟದಲ್ಲಿ ಬಿಲ್ಲಿ ಮಿಚೆಲ್ 10,47,200 ಅಂಕ ಗಳಿಸಿದ್ದನ್ನು ತೋರಿಸುವ ಟೇಪ್ 2007ರ ‘ದಿ ಕಿಂಗ್ ಆಫ್ ಕಾಂಗ್’ ಸಾಕ್ಷ್ಯಚಿತ್ರದಿಂದ ಜಗತ್ತಿಗೆಲ್ಲ ಗೊತ್ತಾಯಿತು. ಹತ್ತು ವರ್ಷ ಕಳೆದ ಮೇಲೆ ಕೆಲವರು ಆ ಟೇಪನ್ನು ಒಂದೊಂದೇ ಚೌಕಟ್ಟಾಗಿ ನಿಲ್ಲಿಸಿ ನೋಡಿದರು. ಒಂದು ಹಂತ ಮುಗಿದು ಇನ್ನೊಂದು ಶುರುವಾಗುವಾಗ ಉಕ್ಕಿನ ತೊಲೆಗಳು ಪರದೆಯ ಮೇಲೆ ಮೂಡುವ ಕ್ರಮ ಅಸಲಿ ಯಂತ್ರದಲ್ಲಿ ಒಂದು ಬಗೆ, ಕಂಪ್ಯೂಟರಿನಲ್ಲಿ ಅದನ್ನು ಅನುಕರಿಸುವ ಎಮ್ಯುಲೇಟರಿನಲ್ಲಿ ಇನ್ನೊಂದು ಬಗೆ. ಕಣ್ಣು ಮಿಟುಕಿಸುವಷ್ಟರಲ್ಲಿ ಮುಗಿದುಹೋಗುವ ದೃಶ್ಯವದು. ಆಡುವವರಿಗಂತೂ ಕಾಣುವುದೇ ಇಲ್ಲ. ಟೇಪಿನಲ್ಲಿದ್ದದ್ದು ಅಸಲಿ ಯಂತ್ರದ ಕ್ರಮವಲ್ಲ ಎಂಬುದನ್ನೇ ಆಧಾರವಾಗಿಟ್ಟುಕೊಂಡು ಟ್ವಿನ್ ಗ್ಯಾಲಕ್ಸೀಸ್ 2018ರಲ್ಲಿ ಮಿಚೆಲ್ ಅಂಕಗಳನ್ನು ರದ್ದು ಮಾಡಿತು. ಅವರು ಆರೋಪ ಒಪ್ಪದೆ ಕೋರ್ಟಿಗೆ ಹೋದರು. 2024ರಲ್ಲಿ ರಾಜಿಯಾಗಿ, ಅಂಕಗಳು ಹಳೆಯ ದಾಖಲೆಗಳ ವಿಭಾಗಕ್ಕೆ ಮರಳಿದವು.

ಇವೆಲ್ಲ ಪರದೆಯನ್ನು ಹೊರಗಿನಿಂದ ಹಿಡಿಯುವ ಪ್ರಯತ್ನಗಳು. 1993ರ ಡಿಸೆಂಬರಿನಲ್ಲಿ ಐಡಿ ಸಾಫ್ಟ್‌ವೇರ್ ಹೊರತಂದ ‘ಡೂಮ್’ ಬೇರೊಂದು ದಾರಿ ಹಿಡಿಯಿತು. ಗೇಮ್ ರೆಕಾರ್ಡಿಂಗಿನ ಇಡೀ ಇತಿಹಾಸದಲ್ಲಿ ಇದಕ್ಕಿಂತ ಚೆಂದದ ಯೋಚನೆ ಇನ್ನೊಂದಿಲ್ಲ. ‘ಡೂಮ್’ ಚಿತ್ರವನ್ನು ಉಳಿಸಲೇ ಇಲ್ಲ. ಆಟಗಾರ ಯಾವ ಕ್ಷಣದಲ್ಲಿ ಏನು ಮಾಡಿದ ಎಂಬುದನ್ನಷ್ಟೇ ಬರೆದುಕೊಂಡಿತು. ಆಟದ ಕಾಲವನ್ನು ಸೆಕೆಂಡಿಗೆ 35 ತುಣುಕು ಮಾಡಿ, ಪ್ರತಿ ತುಣುಕಿಗೆ ನಾಲ್ಕು ಬೈಟ್: ಮುಂದೆ ಹಿಂದೆ ಹೋದದ್ದಕ್ಕೆ ಒಂದು, ಪಕ್ಕಕ್ಕೆ ಸರಿದದ್ದಕ್ಕೆ ಒಂದು, ತಿರುಗಿದ್ದಕ್ಕೆ ಒಂದು, ಗುಂಡು ಹಾರಿಸಿದ್ದು ಬಾಗಿಲು ತೆರೆದದ್ದು ಇವಕ್ಕೆ ಒಂದು. ಹೀಗೆ ಒಂದು ನಿಮಿಷದ ಆಟಕ್ಕೆ 8,400 ಬೈಟ್. ಒಂದು ಫ್ಲಾಪಿಯಲ್ಲಿ ಎರಡೂವರೆ ಗಂಟೆಗೂ ಮೀರಿದ ಆಟ ಹಿಡಿಯುತ್ತದೆ. ಸಂಗೀತಕ್ಕೆ ಹೋಲಿಸಿದರೆ ಇದು ಕಛೇರಿಯ ಧ್ವನಿಮುದ್ರಣವಲ್ಲ, ಸ್ವರಲಿಪಿ. ಅದನ್ನು ಎದುರಿಗಿಟ್ಟುಕೊಂಡು ಆಟವೇ ಮತ್ತೊಮ್ಮೆ ಆಡುತ್ತದೆ.

ಅದು ಸಾಧ್ಯವಾಗಿದ್ದು ‘ಡೂಮ್’ ಒಳಗಿನ ಯದೃಚ್ಛೆಯೂ ಪೂರ್ವನಿಶ್ಚಿತವಾಗಿದ್ದರಿಂದ. ರಾಕ್ಷಸ ಎಡಕ್ಕೆ ಹೋಗಬೇಕೋ ಬಲಕ್ಕೆ ಹೋಗಬೇಕೋ, ಏಟು ಎಷ್ಟು ಬೀಳಬೇಕು ಎಂಬುದೆಲ್ಲ 256 ಸಂಖ್ಯೆಗಳ ಒಂದು ಬದಲಾಗದ ಕೋಷ್ಟಕದಿಂದ ಬರುತ್ತದೆ. ಅದೇ ಗುಂಡಿಗಳನ್ನು ಅದೇ ಕ್ಷಣಗಳಲ್ಲಿ ಒತ್ತಿದರೆ ಅದೇ ಯುದ್ಧ ನಡೆಯುತ್ತದೆ. ಆವೃತ್ತಿ ಬದಲಾಗಿ ಎಲ್ಲೋ ಒಂದು ಕೂದಲೆಳೆಯಷ್ಟು ವ್ಯತ್ಯಾಸವಾದರೆ ಮಾತ್ರ ಕಥೆ ಕೆಡುತ್ತದೆ. ಇಲ್ಲದ ಬಾಗಿಲನ್ನು ತೆರೆಯಲು ಹೋಗುವ ಸೈನಿಕ ಗೋಡೆಗೆ ಮುಖ ಕೊಟ್ಟು ನಡೆಯುತ್ತಲೇ ಇರುತ್ತಾನೆ, ಶತ್ರುವಿಲ್ಲದ ಮೂಲೆಗೆ ಗುಂಡು ಹಾರಿಸುತ್ತಾನೆ. ಈ ಪುಟ್ಟ ಫೈಲುಗಳು ಮೋಡೆಮ್‌ಗಳಲ್ಲಿ ಸಲೀಸಾಗಿ ಹರಿದಾಡಿದವು. 1994ರಲ್ಲೇ ಯಾರು ಯಾವ ಹಂತವನ್ನು ಎಷ್ಟು ಬೇಗ ಮುಗಿಸಿದರು ಎಂಬ ಪಟ್ಟಿಗಳು ಹುಟ್ಟಿಕೊಂಡವು. ಇಂದಿನ ಸ್ಪೀಡ್‌ರನ್ನಿಂಗ್ ಬೆಳೆದದ್ದು ಅಲ್ಲಿಂದ.

1996ರಲ್ಲಿ ಬಂದ ‘ಕ್ವೇಕ್’ ಆಟಗಾರನ ಗುಂಡಿಗಳ ಬದಲು ಸರ್ವರ್ ಕಳಿಸಿದ ಸುದ್ದಿಯನ್ನು ಉಳಿಸಿತು: ಯಾರು ಎಲ್ಲಿದ್ದರು, ಎತ್ತ ತಿರುಗಿದರು. ಆದ್ದರಿಂದ ಆಡಿದ ಮೇಲೆ ಕ್ಯಾಮೆರಾದ ಜಾಗ ಬದಲಿಸಬಹುದಾಯಿತು. ಅದೇ ವರ್ಷದ ಅಕ್ಟೋಬರಿನಲ್ಲಿ ರೇಂಜರ್ಸ್ ಎಂಬ ಆಟಗಾರರ ತಂಡ ‘ಡೈರಿ ಆಫ್ ಎ ಕ್ಯಾಂಪರ್’ ಹೆಸರಿನ, ಎರಡು ನಿಮಿಷವೂ ಇಲ್ಲದ ಕಥೆಯನ್ನು ಮಾಡಿತು. ಪಾತ್ರಗಳು ಮಾತಾಡುವುದು ಪರದೆಯ ಮೇಲೆ ಮೂಡುವ ಅಕ್ಷರಗಳಲ್ಲಿ. 1997ರ ಜೂನಿನಲ್ಲಿ ‘ಕ್ವೇಕ್ ಡನ್ ಕ್ವಿಕ್’ ತಂಡ ಇಡೀ ಆಟವನ್ನು ಅತಿ ಕಠಿಣ ಮಟ್ಟದಲ್ಲಿ 19 ನಿಮಿಷ 49 ಸೆಕೆಂಡಿನಲ್ಲಿ ಮುಗಿಸಿ, ಕ್ಯಾಮೆರಾವನ್ನು ಹೊರಗಿಟ್ಟು ಸಿನಿಮಾದಂತೆ ತೋರಿಸುವ ಆವೃತ್ತಿಯನ್ನೂ ಕೊಟ್ಟಿತು. ಸಾಕ್ಷಿಯಾಗಿದ್ದದ್ದು ಕಥೆಯಾದದ್ದು ಇಲ್ಲಿ.

2003ರ ‘ರೆಡ್ ವರ್ಸಸ್ ಬ್ಲೂ’ ಆ ದಾರಿಯ ದೊಡ್ಡ ಗೆಲುವು. ಟೆಕ್ಸಸ್‌ನ ಗೆಳೆಯರ ಗುಂಪೊಂದು ‘ಹೇಲೊ’ ಆಟವನ್ನು ಹಲವು ಎಕ್ಸ್‌ಬಾಕ್ಸ್‌ಗಳಲ್ಲಿ ಒಟ್ಟಿಗೆ ಆಡುತ್ತ, ಒಬ್ಬ ಆಟಗಾರನ ಕಣ್ಣನ್ನೇ ಕ್ಯಾಮೆರಾ ಮಾಡಿಕೊಂಡು ಹಾಸ್ಯ ಧಾರಾವಾಹಿ ತೆಗೆಯಿತು. ಸೈನಿಕರ ಬಂದೂಕು ಸದಾ ಗುರಿ ಹಿಡಿದೇ ಇರುವುದು ಮಾತುಕತೆಯ ದೃಶ್ಯಗಳಿಗೆ ತೊಡಕಾಗಿತ್ತು. ಪಿಸ್ತೂಲು ಹಿಡಿದ ಪಾತ್ರ ನೆಲ ನೋಡಿದರೆ, ಆಟದ ಒಂದು ದೋಷದಿಂದಾಗಿ ತಲೆ ನೆಟ್ಟಗಾಗಿ ಕೈ ಮಾತ್ರ ಕೆಳಗಿಳಿಯುತ್ತಿತ್ತು. ಅದನ್ನೇ ಅವರು ಬಳಸಿಕೊಂಡರು. ಆಟದ ಅಂಕಿ-ಸೂಚನೆಗಳನ್ನು ಮುಚ್ಚಲು ಪರದೆಯ ಮೇಲೂ ಕೆಳಗೂ ಕಪ್ಪು ಪಟ್ಟಿ ಎಳೆದರು.

ಅದೇ ವರ್ಷ ಜಪಾನಿನ ಮೊರಿಮೊಟೊ ಎಂಬಾತ ‘ಸೂಪರ್ ಮಾರಿಯೊ ಬ್ರದರ್ಸ್ 3’ ಆಟವನ್ನು ಸುಮಾರು 11 ನಿಮಿಷದಲ್ಲಿ ಮುಗಿಸುವ ವಿಡಿಯೊ ಇಂಟರ್ನೆಟ್ಟಿನಲ್ಲೆಲ್ಲ ಓಡಾಡಿತು. ಮನುಷ್ಯನ ಕೈ ಇಷ್ಟು ಚುರುಕಾಗಿರಬಲ್ಲದೇ ಎಂದು ಜನ ಬೆರಗಾದರು. ಎಮ್ಯುಲೇಟರಿನಲ್ಲಿ ಆಟದ ವೇಗ ಇಳಿಸಿ, ತಪ್ಪಾದಲ್ಲಿ ಹಿಂದಕ್ಕೆ ಹೋಗಿ ಮತ್ತೆ ಆಡಿ ಕಟ್ಟಿದ್ದು ಅದು ಎಂದು ತಿಳಿದಾಗ ಮೋಸ ಹೋದೆವು ಎಂದವರು ಅನೇಕರು. ವಿಡಿಯೊದ ಜೊತೆಗೆ ಅದರ ವಿವರಣೆ ಪ್ರಯಾಣ ಮಾಡಿರಲಿಲ್ಲ, ಅಷ್ಟೆ. ಯಂತ್ರದ ನೆರವಿನ ಇಂಥ ಆಟಗಳಿಗೆ ಮುಂದೆ ಪ್ರತ್ಯೇಕ ಸಂಗ್ರಹಗಳೇ ಆದವು.

ಪರದೆಯ ಚಿತ್ರವನ್ನೇ ಹಿಡಿಯುವ ಕೆಲಸ ಕಂಪ್ಯೂಟರಿನಲ್ಲಿ ಸುಲಭವಾದದ್ದು 1999ರಲ್ಲಿ ಬಂದ ‘ಫ್ರ್ಯಾಪ್ಸ್’ ಮುಂದೆ ಬೆಳೆದಂತೆ. ಪರದೆಯ ಮೂಲೆಯಲ್ಲಿ ಹಳದಿ ಅಂಕಿ ಕಂಡರೆ ಅದು ಓಡುತ್ತಿದೆ ಎಂದರ್ಥ. ಉಚಿತ ಆವೃತ್ತಿ 30 ಸೆಕೆಂಡಿಗೆ ನಿಂತುಬಿಡುತ್ತಿತ್ತು, ವಿಡಿಯೊದ ನೆತ್ತಿಯ ಮೇಲೆ ಕಂಪನಿಯ ವಿಳಾಸವೂ ಕೂರುತ್ತಿತ್ತು. ಹಣ ಕೊಟ್ಟವರಿಗೆ ಇನ್ನೊಂದು ಕಷ್ಟ: ಚಿತ್ರವನ್ನು ಹೆಚ್ಚು ಕುಗ್ಗಿಸದೆ ಬರೆಯುತ್ತಿದ್ದರಿಂದ ಕೆಲವೇ ನಿಮಿಷಕ್ಕೆ 4 ಜಿಬಿ ತುಂಬಿ ಹೊಸ ಫೈಲ್ ಶುರುವಾಗುತ್ತಿತ್ತು. ಹಾರ್ಡ್‌ಡಿಸ್ಕ್ ಖಾಲಿ ಮಾಡುವುದೇ ರೆಕಾರ್ಡಿಂಗಿನ ಮೊದಲ ಪಾಠ.

ಟೀವಿಗೆ ಜೋಡಿಸುವ ಗೇಮ್ ಯಂತ್ರದವರ, ಎಂದರೆ ಕನ್ಸೋಲಿನವರ, ಪಾಡು ಬೇರೆ. ಹಳೆಯ ಆಟಗಳಲ್ಲಿ ನಾಯಕನಿಗೆ ಏಟು ಬಿದ್ದರೆ ಅವನು ಸ್ವಲ್ಪ ಹೊತ್ತು ಮಿನುಗುತ್ತಾನೆ: ಒಂದು ಚೌಕಟ್ಟಿನಲ್ಲಿ ಇದ್ದಾನೆ, ಮುಂದಿನದರಲ್ಲಿ ಇಲ್ಲ. ಟೀವಿಯಲ್ಲಿ ಸೆಕೆಂಡಿಗೆ 60 ಚೌಕಟ್ಟು ಬರುತ್ತಿದ್ದರಿಂದ ಅವನು ಅರೆಪಾರದರ್ಶಕವಾಗಿ ಕಾಣುತ್ತಿದ್ದ. ಸೆಕೆಂಡಿಗೆ 30 ಚೌಕಟ್ಟಿನ ವಿಡಿಯೊ ಮಾಡಿದಾಗ ಎರಡರಲ್ಲೊಂದು ಬಿದ್ದುಹೋಗುತ್ತದೆ. ಬಿದ್ದದ್ದು ಅವನಿದ್ದ ಚೌಕಟ್ಟಾದರೆ ಮಾರಿಯೊನಂಥ ನಾಯಕ ಪರದೆಯಿಂದಲೇ ಮಾಯ. ಹಳೆಯ ಎಷ್ಟೋ ಯೂಟ್ಯೂಬ್ ವಿಡಿಯೊಗಳಲ್ಲಿ ನಾಯಕ ಹೀಗೆ ಕಾಣೆಯಾಗುತ್ತಾನೆ. ಅದು ಆಟದ ತಪ್ಪಲ್ಲ, ರೆಕಾರ್ಡಿಂಗಿನದು. ಆಮೇಲೆ ಬಂದ ಪ್ಲೇಸ್ಟೇಷನ್ 3ರ ಎಚ್‌ಡಿಎಂಐ ತಂತಿಯಲ್ಲಿ ಸಿನಿಮಾ ಕಳ್ಳತನ ತಡೆಯುವ ಬೀಗವಿತ್ತು. ಆಟ ರೆಕಾರ್ಡ್ ಮಾಡುವವರು ಅದನ್ನು ಬಿಟ್ಟು ಹಳೆಯ ಕಾಂಪೊನೆಂಟ್ ತಂತಿಗಳಿಗೆ ಮರಳಬೇಕಾಯಿತು.

2013ರಲ್ಲಿ ಈ ತಾಪತ್ರಯ ಬಹುಪಾಲು ಮುಗಿಯಿತು. ಪ್ಲೇಸ್ಟೇಷನ್ 4 ತನ್ನ ಹಿಡಿಯ ಮೇಲೆಯೇ ‘ಷೇರ್’ ಗುಂಡಿ ಇಟ್ಟುಕೊಂಡು ಬಂತು. ಯಂತ್ರ ಹಿಂದಿನ 15 ನಿಮಿಷವನ್ನು ಸದಾ ನೆನಪಿಟ್ಟುಕೊಂಡಿರುತ್ತದೆ, ಅಪರೂಪದ್ದೇನಾದರೂ ನಡೆದ ಮೇಲೆ ಒತ್ತಿದರೆ ಸಾಕು. ಕಂಪ್ಯೂಟರಿಗೆ ಗ್ರಾಫಿಕ್ಸ್ ಚಿಪ್ ತಯಾರಿಸುವ ಎನ್ವಿಡಿಯಾ ಅದೇ ಸೌಲಭ್ಯ ಕೊಟ್ಟಿತು. ವಿಡಿಯೊ ಕುಗ್ಗಿಸುವ ಕೆಲಸವನ್ನು ಗ್ರಾಫಿಕ್ಸ್ ಚಿಪ್ಪಿನ ಒಂದು ಭಾಗವೇ ವಹಿಸಿಕೊಂಡದ್ದರಿಂದ ಆಟ ತಡವರಿಸುವುದು ನಿಂತಿತು. ಹಿಂದಿನ ವರ್ಷವಷ್ಟೇ ‘ಓಬಿಎಸ್’ ಎಂಬ ಉಚಿತ ತಂತ್ರಾಂಶ ಬಂದು ಎಲ್ಲರ ಕೈಗೂ ಸ್ಟುಡಿಯೊ ಸಿಕ್ಕಂತಾಗಿತ್ತು. ಎದ್ದು ರೆಕಾರ್ಡ್ ಗುಂಡಿ ಒತ್ತುವ ಮೊದಲೇ ಮುಗಿದುಹೋಗುವ ಸಾಹಸಗಳೂ ಉಳಿಯತೊಡಗಿದವು. ಈ ಬದಲಾವಣೆ ಎಷ್ಟು ದೊಡ್ಡದೆಂದು ಆಗ ಹೆಚ್ಚಿನವರಿಗೆ ಹೊಳೆಯಲಿಲ್ಲ.

ಭಾರತ ಈ ಕಥೆಯೊಳಗೆ ದೊಡ್ಡದಾಗಿ ಬಂದದ್ದು ಮೊಬೈಲಿನಲ್ಲಿ. ಆಂಡ್ರಾಯ್ಡ್ 5.0 ಬರುವ ತನಕ, ಎಂದರೆ 2014ರ ಕೊನೆಯವರೆಗೆ, ಫೋನಿನ ಬೀಗ ಒಡೆಯದೆ ಸಾಮಾನ್ಯ ಆ್ಯಪ್ ಒಂದು ಪರದೆಯನ್ನು ರೆಕಾರ್ಡ್ ಮಾಡುವಂತಿರಲಿಲ್ಲ. ಆಮೇಲೂ ಚಿತ್ರ ಸಿಕ್ಕಿತೇ ಹೊರತು ಆಟದ ಒಳಗಿನ ಸದ್ದು ಸಿಗಲಿಲ್ಲ; ಅದಕ್ಕೆ ಆಂಡ್ರಾಯ್ಡ್ 10ರ ತನಕ, 2019ರವರೆಗೆ, ಕಾಯಬೇಕಾಯಿತು. ಐಫೋನಿಗೆ 2017ರಲ್ಲಿ ಐಓಎಸ್ 11ರ ಜೊತೆ ಈ ಸೌಲಭ್ಯ ಬಂದಿತ್ತು. ಹಾಗಾಗಿ ಆ ವರ್ಷಗಳ ಅನೇಕ ಆಂಡ್ರಾಯ್ಡ್ ವಿಡಿಯೊಗಳಲ್ಲಿ ಗುಂಡಿನ ಸದ್ದು ಫೋನಿನ ಸ್ಪೀಕರಿನಿಂದ ಹೊರಬಂದು ಮೈಕಿನೊಳಗೆ ಹೋದದ್ದು. ಅದರ ಹಿಂದೆಯೇ ಸೀಲಿಂಗ್ ಫ್ಯಾನು, ಕುಕ್ಕರಿನ ಸೀಟಿ, ಊಟಕ್ಕೆ ಕರೆಯುವ ಅಮ್ಮನ ದನಿ.

2016ರ ಸೆಪ್ಟೆಂಬರಿನಲ್ಲಿ ಜಿಯೊ ಬಂದು ಡೇಟಾ ಅಗ್ಗವಾಯಿತು. 2018ರಲ್ಲಿ ‘ಪಬ್‌ಜಿ ಮೊಬೈಲ್’ ಬಂತು. ಕನ್ನಡದಲ್ಲೇ ಮಾತಾಡುತ್ತ ಆಡಿ ತೋರಿಸುವ ಯೂಟ್ಯೂಬ್ ಚಾನೆಲ್ಲುಗಳೂ ಕಾಣಿಸಿಕೊಂಡವು. ‘ಮಗಾ, ಮರದ್ ಹಿಂದೆ ಒಬ್ಬ ಅವ್ನೆ, ನೋಡ್ಕೋ’ ಎನ್ನುವಂಥ ಮಾತು ಅವುಗಳಲ್ಲಿ ಧಾರಾಳ. 2020ರ ಸೆಪ್ಟೆಂಬರ್ 2ರಂದು ಕೇಂದ್ರ ಸರ್ಕಾರ ಆಟವನ್ನು ನಿಷೇಧಿಸಿತು, ಅಕ್ಟೋಬರ್ ಕೊನೆಗೆ ಇಲ್ಲಿನ ಆಟಗಾರರಿಗೆ ಸರ್ವರ್ ಬಾಗಿಲು ಮುಚ್ಚಿತು. 2021ರ ಜುಲೈನಲ್ಲಿ ‘ಬಿಜಿಎಂಐ’ ಹೆಸರಿನಲ್ಲಿ ಬಂದದ್ದು ಬೇರೊಂದು ಆವೃತ್ತಿ. 2018–20ರ ಆ ಆಟ ಆಗ ಹೇಗಿತ್ತು, ಹುಡುಗರು ಅದನ್ನು ಹೇಗೆ ಆಡುತ್ತಿದ್ದರು ಎಂದು ತೋರಿಸಲು ಉಳಿದಿರುವುದು ಈ ಕುಕ್ಕರ್ ಸೀಟಿಯ ವಿಡಿಯೊಗಳೇ. ಅವನ್ನು ಹಗುರವಾಗಿ ಕಾಣಬಾರದು. ಒಂದು ತಲೆಮಾರಿನ ಆಡುಮಾತು ಸಹ ಅವುಗಳಲ್ಲಿದೆ.

ವಿಡಿಯೊ ಯಾರದು ಎಂಬ ಜಗಳ ಬೇರೆಯೇ ನಡೆಯಿತು. 2013ರಲ್ಲಿ ನಿಂಟೆಂಡೊ ತನ್ನ ಆಟಗಳ ವಿಡಿಯೊಗಳಿಗೆ ಬರುವ ಜಾಹೀರಾತಿನ ಹಣ ತನಗೇ ಸೇರಬೇಕೆಂದಿತು. 2015ರಲ್ಲಿ ವಿಡಿಯೊ ಮಾಡಿದವರಿಗೆ ಶೇ 60ರಿಂದ 70ರಷ್ಟು ಪಾಲು ಕೊಡುವ ಯೋಜನೆ ತಂದು, 2018ರ ಕೊನೆಗೆ ಅದನ್ನೂ ಕೈಬಿಟ್ಟು ಸರಳ ನಿಯಮಗಳಿಗೆ ಒಪ್ಪಿತು.

ಈಗಿನ ಚಿಂತೆ ಉಳಿಸುವುದರದು. ಗೇಮ್ ನೇರಪ್ರಸಾರದ ಟ್ವಿಚ್ ತಾಣ ತಾನಾಗಿ ಉಳಿಸಿಟ್ಟಿದ್ದ ಹಳೆಯ ಪ್ರಸಾರಗಳನ್ನು 2014ರಲ್ಲೇ ಅಳಿಸತೊಡಗಿತ್ತು. ಆಗ ‘ಹೈಲೈಟ್’ ಎಂದು ಗುರುತಿಸಿದ ವಿಡಿಯೊಗಳಿಗೆ ಕಾಲಮಿತಿ ಇರಲಿಲ್ಲ, ಸ್ಪೀಡ್‌ರನ್ನರುಗಳು ತಮ್ಮ ದಾಖಲೆಗಳ ಪುರಾವೆಯನ್ನು ಅಲ್ಲೇ ಇಟ್ಟರು. 2025ರ ಫೆಬ್ರುವರಿಯಲ್ಲಿ ಟ್ವಿಚ್ ಒಬ್ಬರಿಗೆ 100 ಗಂಟೆ ಮಾತ್ರ ಎಂದು ಮಿತಿ ಹಾಕಿತು, ಏಪ್ರಿಲ್ 19ರಿಂದ ಜಾರಿ. ಈ ವಿಡಿಯೊಗಳನ್ನು ನೋಡುವವರು ತೀರಾ ಕಡಿಮೆ ಎಂದು ಕಂಪನಿ ಕಾರಣ ಕೊಟ್ಟಿತು. ಕಡಿಮೆ ಜನ ನೋಡುವುದು ನಿಜವೇ. ನೋಡುಗರಿಗಾಗಿ ಇಟ್ಟದ್ದೇ ಅಲ್ಲವಲ್ಲ ಅವು. ಗಡುವಿನೊಳಗೆ ಅನೇಕರು ಹಲವು ವರ್ಷದ ಆಟಗಳನ್ನು ಇಳಿಸಿಕೊಂಡು ಯೂಟ್ಯೂಬಿಗೂ ಇಂಟರ್ನೆಟ್ ಆರ್ಕೈವಿಗೂ ಸಾಗಿಸಿದರು. ಆಟ ಬಿಟ್ಟು ಬೇರೆ ಬದುಕಿಗೆ ಹೋದವರಿಗೆ ಸುದ್ದಿ ತಲುಪಿತೋ ಇಲ್ಲವೋ. ಅಂಥವರ ದಾಖಲೆಗಳಲ್ಲಿ ವಿಡಿಯೊ ಅಳಿದುಹೋದ ಕಡೆ ಪಟ್ಟಿಯಲ್ಲಿ ಉಳಿಯುವುದು ಹೆಸರು, ತಾರೀಕು ಮತ್ತು ಸಮಯ ಮಾತ್ರ.